ಮುಚ್ಚಳಿಕೆಯ ಜೋಡಿ

ಲಾಂಡ್ರಿಯಲ್ಲಿ ಬೆಡ್‌ಶೀಟು ಇಸ್ತ್ರಿ ಮಾಡುವ ಬಿಸಿ ರೋಲರಿಗೆ ಮಾತಿನಮಲ್ಲಿಯ ಅಂಗಿಯ ತೋಳು ಸಿಕ್ಕಿಕೊಂಡಾಗ, ಎದುರು ತುದಿ ಹಿಡಿದಿದ್ದ ದೊಡ್ಡಕ್ಕ ಹಿಂದೆಮುಂದೆ ನೋಡದೆ ಮಿಷನ್ ನಿಲ್ಲಿಸಿದಳು. ಬಟ್ಟೆ ಹರಿದು ಕೈ ಉಳಿಯಿತು. ಆದರೆ ನಿಂತ ರೋಲರಿನ ಕೆಳಗೆ ಹೋಟೆಲಿನ ಬೆಡ್‌ಶೀಟು ಸೀದುಹೋಯಿತು. ಕೈ ಒಳಗೆ ಹೋಗದಂತೆ ತಡೆಯುವ ಸರಳು ಮುರಿದು ಎಷ್ಟೋ ಕಾಲವಾಗಿತ್ತು.

ಮ್ಯಾನೇಜರು ಸೀದ ಬಟ್ಟೆಯನ್ನಷ್ಟೇ ನೋಡಿದ. "ಕೇಳದೆ ಮಿಷನ್ ನಿಲ್ಸಲ್ಲ ಅಂತ ಮುಚ್ಚಳಿಕೆ ಬರ್ಕೊಂಡು ಬಾ. ಇಲ್ಲಾಂದ್ರೆ ನಾಳೆಯಿಂದ ಈ ಕಡೆ ತಲೆ ಹಾಕ್ಬೇಡ."

ರಾತ್ರಿ ಊಟಕ್ಕೆ ಕೂತಾಗ ದೊಡ್ಡಕ್ಕ ಅದನ್ನು ಅತ್ತಿಗೆಗೆ ಹೇಳಿದಳು. ಅತ್ತಿಗೆ ಕೋರ್ಟಿನಲ್ಲಿ ಟೈಪ್ ಮಾಡಿಯೇ ಬೆರಳು ಸವೆಸಿದವಳು.

"ಮುಚ್ಚಳಿಕೆ ಬರ್ಕೊಡೋರು ಕಳ್ರಲ್ವಾ ಅತ್ಗೆ? ನಾನೇನು ಕದ್ದೆ?"

"ಈಗ ಹಾಗಾಗಿದೆ ಕಣೆ. ತುರ್ಕಿ ಕಡೆಯ ಪದ ಅಂತೆ, ಕುದುರೆ ಏರಿ ಬಂದೋರ ಜೊತೆ ಬಂದು ಕಚೇರಿ ಕಾಗದದಲ್ಲಿ ಕೂತ್ಬಿಡ್ತು. ಅರ್ಥ ಇಷ್ಟೇ, ಬರೆದುಕೊಟ್ಟ ಮಾತು. ಹಳೇ ತೀರ್ಪುಗಳ ನಕಲು ತೆಗೀತಿದ್ನಲ್ಲ, ಅದ್ರಲ್ಲಿ ನೋಡಿದೀನಿ. ಜಮೀನಿನ ಒಡೆಯ ಇಂಥಾ ಷರತ್ತು ಅಂತ ಪಟ್ಟೆ ಕೊಡ್ತಿದ್ದ. ಅದನ್ನ ತಗೊಂಡು ರೈತ ಮುಚ್ಚಳಿಕೆ ಕೊಡ್ತಿದ್ದ. ಎರಡೂ ಜೋಡಿ."

"ಒಡೆಯ ಪಟ್ಟೆ ಕೊಡದಿದ್ರೆ?"

"ಗೇಣಿ ಬಾಕಿ ಅಂತ ಕೋರ್ಟಿಗೆ ಬಂದು ಉಗಿಸ್ಕೊಂಡು ಹೋಗ್ತಿದ್ದ."

ದೊಡ್ಡಕ್ಕ ಕೈ ತೊಳೆದು ಬಂದು, ಅತ್ತಿಗೆಯ ಮುಂದೆ ಒಂದಲ್ಲ, ಎರಡು ಬಿಳಿ ಹಾಳೆ ಇಟ್ಟಳು.

"ತಂದ್ಯಾ?" ಎಂದ ಮ್ಯಾನೇಜರು, ಬೆಳಗ್ಗೆ.

"ತಂದಿದೀನಿ ಸಾರ್. ನಿಮ್ಮದೂ ತಂದಿದೀನಿ."

ಸರಳು ಹಾಕಿಸದೆ ರೋಲರ್ ಓಡಿಸುವುದಿಲ್ಲ ಎಂದು ಅವನ ಹಾಳೆಯಲ್ಲಿತ್ತು. ಸುಮ್ಮಸುಮ್ಮನೆ ಮಿಷನ್ ನಿಲ್ಲಿಸುವುದಿಲ್ಲ, ಯಾರದೇ ಕೈ ಸಿಕ್ಕರೆ ಮಾತ್ರ ಕೇಳದೆ ನಿಲ್ಲಿಸುತ್ತೇನೆ ಎಂದು ಅವಳದರಲ್ಲಿ.

"ತಲೆ ನೆಟ್ಟಗಿದ್ಯಾ ನಿಂಗೆ? ನಡಿ ಆಚೆ! ಏಯ್ ಮಲ್ಲಿ, ಶುರು ಮಾಡು."

ಮಾತಿನಮಲ್ಲಿ ಕೈಕಟ್ಟಿ ನಿಂತಳು. "ಬೆಡ್‌ಶೀಟಿಗೆ ಎರಡು ತುದಿ ಸಾರ್, ನಾನೊಬ್ಳು. ಆ ಕಡೆ ನೀವೇ ಹಿಡೀರಿ. ತೋಳು ಮಾತ್ರ ಮೇಲಕ್ಕೆ ಮಡಿಸ್ಕೊಳ್ಳಿ."

ಉಗಿಯ ನಡುವೆ ನಿಂತ ಹೆಂಗಸರು ಕಿಸಕ್ಕೆಂದರು. ಒಬ್ಬಳೂ ಆ ತುದಿಗೆ ಬರಲಿಲ್ಲ. ಹೊರಗೆ ಹೋಟೆಲಿನ ವ್ಯಾನು ಹಾರ್ನ್ ಹೊಡೆಯಿತು. ಮ್ಯಾನೇಜರು ರೋಲರಿನ ಬಾಯಿಯ ಹತ್ತಿರ ಹೋಗಿ ಬಗ್ಗಿ ನೋಡಿದ. ಅವನ ಎರಡೂ ಕೈ ತಾವಾಗಿಯೇ ಜೇಬು ಸೇರಿದವು. ಹೊರಬಂದಾಗ ಒಂದರಲ್ಲಿ ಪೆನ್ನಿತ್ತು.

"ಮೊದ್ಲು ನಿಂದು ಹಾಕು."

"ಊಹೂಂ. ಪಟ್ಟೆ ಮೊದ್ಲು."

ಪಟ್ಟೆಯೆಂದರೇನೆಂದು ಅವನಿಗೆ ತಿಳಿಯಲಿಲ್ಲ. ಹಲ್ಲು ಕಚ್ಚಿ ರುಜು ಗೀಚಿ, ಹಾಳೆಯನ್ನು ಅವಳತ್ತ ತಳ್ಳಿದ. ದೊಡ್ಡಕ್ಕ ಅದನ್ನು ಕಿಟಕಿಯ ಬೆಳಕಿಗೆ ಹಿಡಿದು ನಿಧಾನವಾಗಿ ಓದಿದಳು. ಮತ್ತೆ ಅವನ ಮುಂದಿಟ್ಟಳು.

"ತಾರೀಖು ಬಿಟ್ಟಿದೀರಿ ಸಾರ್."