ಗುಡ್ಡದ ಹಿಂಬದಿ

ಎಂಬತ್ತೈದರ ಸುಮಾರಿಗೆ ಸೆಟ್ಟೂರಿನ ಪಕ್ಕದ ಗುಡ್ಡಕ್ಕೆ ಸರ್ಕಾರ ಸಸಿ ನೆಡಿಸಿ, ಸುತ್ತ ಮುಳ್ಳು ಬೇಲಿ ಹಾಕಿಸಿ, ಇನ್ನು ಇಲ್ಲಿ ಕುರಿ ಮೇಯಿಸಬಾರದೆಂದು ಸಾರಿಬಿಟ್ಟಿತು. ಅವತ್ತಿನಿಂದ ಬೀರಕ್ಕ ತನ್ನ ಮಂದೆ ಹೊಡೆದುಕೊಂಡು ಕಂಡಕಂಡವರ ಹೊಲದಂಚಿನಲ್ಲಿ ಬೈಸಿಕೊಳ್ಳುತ್ತ ಅಲೆದಿದ್ದಳು. ಮೂರು ವರ್ಷದ ಮೇಲೆ ಕಲ್ಯಾಣದುರ್ಗದ ಕಡೆಯಿಂದ ಅರಣ್ಯ ಇಲಾಖೆಯ ಸಾಹೇಬರ ಜೀಪು ಬಂತು. ಸಸಿಗಳೆಲ್ಲ ಬದುಕಿವೆ ಎಂದು ಸಾಹೇಬರು ಬರೆದುಕೊಂಡರೆ ಗುಡ್ಡ ಇನ್ನೂ ಐದು ವರ್ಷ ಬಂದ್.

ಬದುಕಿದ್ದವು, ಯಾರು ಇಲ್ಲ ಅಂದರು? ರಸ್ತೆ ಬದಿಯ ಎರಡು ಸಾಲು. ಅವಕ್ಕೆ ಬಿಂದಿಗೆಯಲ್ಲಿ ನೀರು ಹೊಯ್ದು ಸಾಕಿದವನು ಕಾವಲಿನ ದಾಸಣ್ಣ. ಬೀರಕ್ಕನ ಗಂಡನ ಅಣ್ಣ, ಬೀರಪ್ಪನ ಗುಡಿಯ ಪೂಜಾರಿ ಬೇರೆ. ಗುಡ್ಡದ ಹಿಂಬದಿಯಲ್ಲಿ ಇದ್ದದ್ದು ಸಸಿಯಿಲ್ಲದ ಬರೀ ಗುಂಡಿಗಳು. ಆ ಕಡೆ ಯಾವ ಪುಣ್ಯಾತ್ಮ ಹೋಗಿ ನೋಡಿದ್ದ?

ಸಾಹೇಬರು ರಸ್ತೆ ಬದಿಯ ಬೇವಿನ ಸಸಿಯೊಂದನ್ನು ಅಲುಗಾಡಿಸಿದರು. ಗಟ್ಟಿಯಾಗಿತ್ತು. "ಬಾಗುಂದಿ," ಎಂದು ತೆಲುಗಿನಲ್ಲಿ ಮೆಚ್ಚಿ ಪೆನ್ನು ತೆಗೆದರು.

ಬೀರಕ್ಕ ಅಡ್ಡ ನಿಂತಳು. "ಹಿಂದ್ಗಡೆ ಬನ್ನಿ ಸಾರ್, ತೋರಿಸ್ತೀನಿ."

"ಅಲ್ಲಿಗೆ ಜೀಪು ಹೋಗಲ್ಲಮ್ಮಾ. ಕಾವಲಿನವನೇ ಎಲ್ಲಾ ಇದಾವೆ ಅಂತಾನಲ್ಲ."

ಬೀರಕ್ಕನಿಗೆ ಮೈಯೆಲ್ಲ ಉರಿದುಹೋಯಿತು. ಸೊಂಟದ ಚೀಲದಿಂದ ಬೀರಪ್ಪನ ಭಂಡಾರ ತೆಗೆದು, ಆ ಅರಿಶಿನದ ಪುಡಿಯನ್ನು ಭಾವನ ಮುಂದೆ ಹಿಡಿದಳು. ಅವರ ಪೈಕಿ ಭಂಡಾರ ಮುಟ್ಟಿ ಸುಳ್ಳು ಹೇಳುವ ಎದೆ ಯಾರಿಗೂ ಇರಲಿಲ್ಲ.

"ಇದ ಮುಟ್ಟಿ ಹೇಳು ಭಾವ. ಹಿಂದ್ಗಡೆ ಒಂದಾದ್ರೂ ಗಿಡ ಐತಾ?"

ದಾಸಣ್ಣ ಕೈ ಎತ್ತಲಿಲ್ಲ. ಒಂದು ಹೆಜ್ಜೆ ಹಿಂದೆ ಸರಿದ.

"ಆಣೆ ಗೀಣೆ ಎಲ್ಲಾ ನಾವು ಬರ್ಕೊಳ್ಳೋಕಾಗಲ್ಲಮ್ಮಾ," ಎಂದು ಸಾಹೇಬರು ನಕ್ಕರು. ನಕ್ಕು, ಎಲ್ಲವೂ ಬದುಕಿವೆಯೆಂದು ಗೀಚಿ, ರುಜು ಹಾಕಿ ಜೀಪು ಹತ್ತಿದರು.

ಧೂಳು ಅಡಗಿದ ಮೇಲೆ ದಾಸಣ್ಣ ಗೊಣಗಿದ. "ಇಲ್ಲ ಅಂದಿದ್ರೆ ನನ್ ಕೆಲ್ಸ ಹೋಯ್ತಿತ್ತು ಕಣಮ್ಮ."

"ನಿನ್ ಕೆಲ್ಸ ನೀನೇ ಇಟ್ಕೋ. ನನ್ ಕುರಿ ಏನು ಜೀಪಿನ ಧೂಳು ತಿನ್ಬೇಕಾ?"

ಅಷ್ಟಂದವಳೇ ಕೋಲಿನಿಂದ ಬೇಲಿಯ ಮುಳ್ಳು ಸರಿಸಿದಳು. ರಸ್ತೆ ಬದಿಯ ಸಸಿಗಳ ತಂಟೆಗೆ ಒಂದು ಮರಿಯೂ ಹೋಗದಂತೆ ಬಳಸಿಕೊಂಡು, ಮಂದೆಯನ್ನು ಸೀದಾ ಗುಡ್ಡದ ಹಿಂಬದಿಗೆ ಹೊಡೆದಳು. ದಾಸಣ್ಣ ಪಂಚೆ ಎತ್ತಿ ಕಟ್ಟಿ ಹಿಂದೆಯೇ ಓಡಿದ.

"ಬ್ಯಾಡ ಕಣಮ್ಮ, ಕೇಸ್ ಹಾಕ್ತಾರೆ. ಇದ್ದ ಗಿಡನೆಲ್ಲಾ ನಿನ್ ಕುರಿ ತಿಂದ್ಬುಟ್ವು ಅಂತಾರೆ."

ಬೀರಕ್ಕ ತಿರುಗಿ ಕೂಡ ನೋಡಲಿಲ್ಲ.

"ಹಾಕ್ಲಿ ಬಿಡು ಭಾವ. ಹಂಗಾದ್ರೂ ಯಾವನಾದ್ರೂ ಒಬ್ಬ ಇಲ್ಲಿಗೆ ಬಂದು ನೋಡ್ಬೇಕಾಯ್ತದೆ."