ಒಂದು ವರ್ಷ ಚಿಕ್ಕವಳು

ನಿಬ್ಬಿನ ತುದಿಯಲ್ಲಿ ಶಾಯಿ ಗುಂಡಗೆ ಕೂತಿದೆ, ಇನ್ನೊಂದು ಗಳಿಗೆ ಬಿಟ್ಟರೆ ದಾಖಲಾತಿ ಪುಸ್ತಕದ ಮೇಲೆ ಬಿದ್ದೇ ಬೀಳುತ್ತದೆ, ಕುಮುದಿನಿಗೆ ಗೊತ್ತು, ಆದರೂ ಕೈ ಏಳುತ್ತಿಲ್ಲ — ಎದುರಿಗೆ ಮೀನು ಹಿಡಿಯುವ ಭ್ರಮರ ಬೆಹೆರಾ ಮಗಳ ಬೆರಳು ಹಿಡಿದು ನಿಂತಿದ್ದಾನೆ, ಒಂದು ವರ್ಷ ಕಮ್ಮಿ ಬರ್ಕೊಳ್ಳಿ ದೀದಿ, ಮುಂದೆ ಸರ್ಕಾರಿ ನೌಕರಿ ಗೀಕರಿ ಸಿಕ್ರೆ ಒಂದು ವರ್ಷ ಜಾಸ್ತಿ ಮಾಡ್ತಾಳಲ್ವಾ, ಎಲ್ಲರೂ ಹಾಗೇ ಬರೆಸ್ತಾರಂತೆ — ಹೌದಪ್ಪ, ಎಲ್ಲರೂ ಬರೆಸುತ್ತಾರೆ, ನಮ್ಮಪ್ಪನಿಗೆ ಬರೆಸುವ ಕಷ್ಟವೂ ಇರಲಿಲ್ಲ, ಗೋಲಕ ಮೇಷ್ಟ್ರ ಶಾಲೆ, ಗೋಲಕ ಮೇಷ್ಟ್ರ ಪುಸ್ತಕ, ಗೋಲಕ ಮೇಷ್ಟ್ರ ಮಗಳು, ನೆರೆ ಬಂದ ಶ್ರಾವಣದಲ್ಲಿ ಅಟ್ಟದ ಮೇಲೆ ಹುಟ್ಟಿದವಳನ್ನು ಮರುವರ್ಷದ ಶ್ರಾವಣದಲ್ಲಿ ಹುಟ್ಟಿಸಿಬಿಟ್ಟ, ಬರೆದು ನಿಬ್ಬನ್ನು ತಲೆಗೂದಲಿಗೆ ಒರೆಸಿಕೊಂಡು ನಕ್ಕ, ಆಗ ಅವನ ಕೂದಲು ಕಪ್ಪು, ಎಷ್ಟು ಒರೆಸಿದರೂ ಶಾಯಿ ಕಾಣುತ್ತಿರಲಿಲ್ಲ — ಪಕ್ಕದ ಮುಖ್ಯೋಪಾಧ್ಯಾಯಿನಿಯ ಕೋಣೆಯಿಂದ ಸಬಿತಾ ಕೂಗುತ್ತಾಳೆ, ಕುಮುದಕ್ಕಾ, ದಾಖಲಾತಿ ನೀವೇ ಬರೀರಿ, ನಿಮ್ಮ ಅಕ್ಷರ ನನಗೆಲ್ಲಿ ಬರುತ್ತೆ — ಅಕ್ಕಾ ಅಂತೆ, ಬಾಯಲ್ಲಿ ಒಪ್ಪಿದ್ದನ್ನು ಕೋರ್ಟಿನಲ್ಲಿ ಒಪ್ಪಲಿಲ್ಲ, ಅವಳದ್ದೇನು ತಪ್ಪು, ಕಾಗದದಲ್ಲಿ ಅವಳೇ ಅಕ್ಕ, ಇಬ್ಬರೂ ಒಂದೇ ದೋಣಿಯಲ್ಲಿ ಹೊಳೆ ದಾಟಿ ಬಂದು ಒಂದೇ ದಿನ ಕೆಲಸಕ್ಕೆ ಸೇರಿದವರು, ಒಂದೇ ದಿನ ಸೇರಿದವರಲ್ಲಿ ವಯಸ್ಸಿಗೆ ದೊಡ್ಡವರೇ ಹಿರಿಯರು, ಮುಖ್ಯೋಪಾಧ್ಯಾಯಿನಿಯ ಕುರ್ಚಿ ಹಿರಿಯರಿಗೆ, ನಿಯಮ ಅಷ್ಟೇ, ಸಬಿತಾ ಹುಟ್ಟಿದ್ದು ಆ ಎರಡು ಶ್ರಾವಣಗಳ ನಡುವಿನ ಫಾಲ್ಗುಣದಲ್ಲಿ, ದೇವರ ಲೆಕ್ಕದಲ್ಲಿ ಕುಮುದಿನಿ ಏಳು ತಿಂಗಳು ದೊಡ್ಡವಳು, ಅಪ್ಪನ ಲೆಕ್ಕದಲ್ಲಿ ಐದು ತಿಂಗಳು ಚಿಕ್ಕವಳು, ಸರ್ಕಾರಕ್ಕೆ ಅಪ್ಪನ ಲೆಕ್ಕವೇ ಸರಿ ಕಂಡಿತು.

ಕೋರ್ಟಿಗೆ ಹೋಗ್ತೀನಿ ಅಂದಾಗ, ಬಿಡು ತಾಯಿ, ಅಂದಿದ್ದ ಅಪ್ಪ, ನೀರನ್ನದ ಬಟ್ಟಲ ಮುಂದೆ ಕೂತು, ಸಬಿತಾ ನಿನಗಿಂತ ಐದು ತಿಂಗಳು ಮೊದಲೇ ನಿವೃತ್ತಿ ಆಗ್ತಾಳೆ, ಆಮೇಲೆ ಕುರ್ಚಿ ನಿಂದೇ, ನಾನು ಕೊಟ್ಟ ವರ್ಷ ಪೋಲಾಗಲ್ಲ — ಅಷ್ಟಕ್ಕೆ ಸುಮ್ಮನಿರಬಹುದಿತ್ತು, ಇರಲಿಲ್ಲ, ಕೊಟ್ಟದ್ದಲ್ಲ ಅಪ್ಪಾ, ಕದ್ದದ್ದು, ನನ್ನ ವರ್ಷ ಕದ್ದವನು ನೀನು, ಬಂದು ಕೋರ್ಟಿಗೆ ಹೇಳು, ಅಂದೇಬಿಟ್ಟಳು, ಎಂಬತ್ತರ ಮುದುಕನಿಗೆ, ಹಾಳು ಬಾಯಿ, ಬಟ್ಟಲಿನಲ್ಲಿ ಅವನ ಕೈ ಹಾಗೇ ನಿಂತಿತು, ಮರುದಿನ ಒಗೆದ ಧೋತಿ ಉಟ್ಟು ಕೋರ್ಟಿರುವ ಕಟಕ್‌ಗೆ ಹೋಗುವ ಬಸ್ಸಿನಲ್ಲಿ ಪಕ್ಕ ಕೂತಿದ್ದಾನೆ, ಹುಟ್ಟಿದ ನಿಜವಾದ ವರ್ಷ ಕೊರೆದ ತಾಳೆಗರಿಯ ಜಾತಕ ಚೀಲದಲ್ಲಿ, ವಕೀಲ ಮಹಾಂತಿ ಅಫಿಡವಿಟ್ಟು ಓದಿ ಹೇಳುತ್ತಾನೆ, ಮಗಳ ಹುಟ್ಟಿದ ವರ್ಷವನ್ನು ನಾನೇ ಬೇಕೆಂದು ಸುಳ್ಳು ಬರೆದೆ, ಇಲ್ಲಿ ಸಹಿ ಹಾಕಿ ಮೇಷ್ಟ್ರೇ, ಗೆದ್ದ ಹಾಗೇ ಅನ್ಕೊಳ್ಳಿ — ಅಪ್ಪ ತನ್ನದೇ ಪೆನ್ನು ತೆಗೆದ, ನಿಧಾನವಾಗಿ ಸಹಿ ಹಾಕಿದ, ರೂಢಿಯಂತೆ ನಿಬ್ಬನ್ನು ಕೂದಲಿಗೆ ಒರೆಸಿದ, ಟೈಪು ಮಾಡುವ ಹುಡುಗಿ ಕಿಸಕ್ಕನೆ ನಕ್ಕಳು, ಅಜ್ಜಾ, ತಲೆಗೆಲ್ಲ ಶಾಯಿ — ಬಿಳಿ ಕೂದಲಿನಲ್ಲಿ ನೀಲಿ ಗೆರೆ, ಒರೆಸಿಕೊಡಬೇಕಿತ್ತು, ಸೆರಗು ಕೈಯಲ್ಲೇ ಇತ್ತು, ಸಿಟ್ಟಿತ್ತು, ಒರೆಸಲಿಲ್ಲ — ತಾಳೆಗರಿಯನ್ನು ಯಾವಾಗ ಬೇಕಾದರೂ ಕೊರೆಸಬಹುದು ಅಂದಿತು ಕೋರ್ಟು, ಅಂದು ಸುಳ್ಳು ಬರೆದೆ ಎನ್ನುವವನ ಇಂದಿನ ಮಾತನ್ನು ನಂಬುವುದು ಹೇಗೆ ಅಂದಿತು, ಅರ್ಜಿ ವಜಾ, ಊರಿನವರು ಓದಿಕೊಂಡದ್ದು ಒಂದೇ ಸಾಲು, ಗೋಲಕ ಮೇಷ್ಟ್ರು ಸುಳ್ಳು ಬರೆದವರು, ಚಹಾದಂಗಡಿಯಲ್ಲಿ ಅವನೇ ಅ ಆ ತಿದ್ದಿಸಿದ ಗಂಡಸರು, ಮೇಷ್ಟ್ರೇ, ನಾನಾದ್ರೂ ಹುಟ್ಟಿದ್ದು ನಿಜಾನಾ, ಅದೂ ನೀವು ಬರೆದದ್ದಾ — ನಗು, ಅಪ್ಪನೂ ನಕ್ಕನಂತೆ, ಅವತ್ತಿನಿಂದ ಅಂಗಡಿಯ ಕಡೆ ಹೋಗಲಿಲ್ಲ, ಪೆನ್ನಿನ ಮುಚ್ಚಳ ತೆಗೆಯಲಿಲ್ಲ, ಮಾಘದ ಚಳಿಯಲ್ಲಿ ತೀರಿಹೋಗುವ ಮೊದಲು ಅಂದದ್ದು ಇಷ್ಟೇ, ನಿನ್ನ ವರ್ಷ ವಾಪಸ್ ಕೊಡೋಕಾಗಲಿಲ್ಲ ತಾಯಿ — ಬೇಡ ಅಪ್ಪಾ, ಅನ್ನಬೇಕಿತ್ತು, ಇಟ್ಟುಕೋ ಅನ್ನಬೇಕಿತ್ತು, ಅವನು ಕಾಯಲಿಲ್ಲ.

ದೀದಿ, ಬರ್ಕೊಂಡ್ರಾ? — ಹುಡುಗಿ ಮುಂದಿನ ಹಲ್ಲಿಲ್ಲದ ಬಾಯಿ ತೆರೆದು ಪುಸ್ತಕವನ್ನೇ ನೋಡುತ್ತಿದೆ, ಯಾವಾಗ ಹುಟ್ಟಿದ್ದಪ್ಪಾ ನಿಜವಾಗಿ, ಕಾರ್ತಿಕದಲ್ಲಿ ದೀದಿ, ಈ ಕಾರ್ತಿಕ ಬಂದ್ರೆ ಏಳು ತುಂಬುತ್ತೆ — ಏಳೇ ತುಂಬುವಂತೆ ಬರೆದಳು, ದಪ್ಪಗೆ, ತಿದ್ದಲು ಬಾರದಂತೆ, ಭ್ರಮರನ ಮುಖ ಇಳಿದುಹೋಯಿತು, ಅಯ್ಯೋ, ಮಗಳಿಗೆ ಒಳ್ಳೇದಾಗ್ಲಿ ಅಂತಲ್ವಾ ದೀದಿ ಕೇಳಿದ್ದು — ಒಳ್ಳೇದಾಗ್ಲಿ ಅಂತಲೇ, ಅಂತಲೇ, ಮತ್ತೆ ಯಾತಕ್ಕೆ, ಒಳ್ಳೇದಾಗ್ಲಿ ಅಂತಲೇ ಅಪ್ಪಾ — ಕೈ ತಾನಾಗಿ ಮೇಲೆದ್ದಿದೆ, ನಿಬ್ಬು ಕಿವಿಯ ಮೇಲಿನ ನರೆಗೂದಲನ್ನು ಮುಟ್ಟಿದೆ, ತಣ್ಣಗೆ, ಹುಡುಗಿ ಕಿಸಕ್ಕನೆ ನಗುತ್ತಾಳೆ, ಸೆರಗು ಕೈಯಲ್ಲೇ ಇದೆ, ಒರೆಸಬೇಕು, ಬಿಳಿ ಕೂದಲಿನಲ್ಲಿ ನೀಲಿ ಗೆರೆ, ಒರೆಸಬೇಕಿತ್ತು, ಬಿಳಿ ಕೂದಲಿನಲ್ಲಿ ನೀಲಿ ಗೆರೆ —