ಒಮ್ಮೆಯೇ ಸುಡುವ ಮನೆ

ಮನೆಯನ್ನು ಸುಡಲು ಒಂದೇ ಅವಕಾಶ. ಚಿತ್ರದ ಕೊನೆಯ ದೃಶ್ಯ ಅದು. ತಪ್ಪಿದರೆ ಚಿತ್ರವೇ ಇಲ್ಲ.

ಆಸ್ಟ್ರೇಲಿಯಾದ ಬ್ರೋಕನ್ ಹಿಲ್ ಊರಾಚೆಯ ಆ ತಗಡಿನ ಮನೆ ಲೊರೇನ್ ಪ್ಯಾಸ್ಕೋಳ ತಾಯಿಯದು. ಏಪ್ರಿಲ್‌ನಲ್ಲಿ ತಾಯಿ ತೀರಿಕೊಂಡಾಗ ಲೊರೇನ್ ಅಳಲಿಲ್ಲ. ಅಡುಗೆಮನೆಯ ಕಿಟಕಿಯ ಅಳತೆ ತೆಗೆದುಕೊಂಡಳು. ಹದಿನೆಂಟು ವರ್ಷಗಳಲ್ಲಿ ಒಂಬತ್ತು ಸಣ್ಣ ಚಿತ್ರಗಳು. ಎಲ್ಲದರಲ್ಲೂ ಸೆಟ್ಟು ಕಟ್ಟಿದವಳೂ ಅವಳೇ, ಕ್ಯಾಮೆರಾ ಹಿಡಿದವಳೂ ಅವಳೇ.

ಬೆಂಕಿ ಆರಿಸಲು ಬಂದಿದ್ದ ಸ್ವಯಂಸೇವಕರ ಮುಖ್ಯಸ್ಥೆ ಬೆವ್, ನೀರಿನ ಪೈಪನ್ನು ಹೆಗಲಿಗೇರಿಸಿಕೊಂಡು ಕೆಣಕಿದಳು: “ಅಲ್ವೇ ಲೋರೀ, ಇಬ್ಬರ ಕೆಲ್ಸ ಒಬ್ಳೇ ಮಾಡ್ತೀಯಲ್ಲ, ಪರದೆ ಮೇಲೆ ನಿನ್ ಹೆಸ್ರು ಎರಡು ಸಲ ಬರುತ್ತಾ?”

“ಬರುತ್ತೆ. ಅದ್ರಲ್ಲಿ ಒಂದ್ಸಲ ಕಾಗುಣಿತ ತಪ್ಪಾಗಿ.”

“ನಿಮ್ಮಮ್ಮ ಇದ್ದಿದ್ರೆ ನಮ್ಮಿಬ್ರಿಗೂ ಇದೇ ಪೈಪಲ್ಲಿ ಬಾರಿಸಿರೋಳು!”

ನಗಬೇಕೆಂದು ಲೊರೇನ್‌ಗೆ ತಿಳಿಯಿತು. ಮುಖ ಮಾತು ಕೇಳಲಿಲ್ಲ.

ಕಿಟಕಿಯ ಹೊರಗೆ ನಿಲ್ಲಿಸಿದ್ದ ಕ್ಯಾಮೆರಾದ ಗುಂಡಿ ಒತ್ತಿದಳು. ಆಗಲೇ ಒಳಗಿನ ಮೇಜಿನ ಮೇಲೆ ಚಹಾ ಬಟ್ಟಲಿನ ಹಿಡಿ ಬಲಕ್ಕೆ ತಿರುಗಿರುವುದು ಕಂಡಿತು. ತಾಯಿ ಎಡಗೈಯವಳು. ಲೊರೇನ್ ಒಳಹೋಗಿ ಹಿಡಿಯನ್ನು ಎಡಕ್ಕೆ ತಿರುಗಿಸಿ, ಮೇಜಿನ ಬಟ್ಟೆಯ ಸುಕ್ಕನ್ನು ಅಂಗೈಯಿಂದ ನೀವಿ ಹಿಂದಿರುಗಿದಳು.

“ರೆಡಿನಾ ಲೋರೀ? ಸೂರ್ಯ ನನ್ನ ಮಾತು ಕೇಳಲ್ಲ ಕಣೇ!” ನಿರ್ದೇಶಕ ಕ್ಯಾಲಮ್ ಕೂಗಿದ.

“ರೆಡಿ.” ಗುಂಡಿ ಒತ್ತಿದಳು. ಇಳಿಬಿಸಿಲು ಕ್ಯಾಮೆರಾದ ಪುಟ್ಟ ಪರದೆಯ ಮೇಲೆ ಹೊಳೆಯುತ್ತಿತ್ತು.

ಬೆವ್‌ಳ ಕಡೆಯವರು ಒಳಗೆ ಬೆಂಕಿ ಹಚ್ಚಿ ಹೊರಬಂದರು. ಕಿಟಕಿಯ ಪರದೆಬಟ್ಟೆ ಹೊತ್ತಿತು. ಕಪಾಟು ಹೊತ್ತಿತು. ತಾಯಿಯ ಕುರ್ಚಿ ಉರಿಯುವಾಗ ಕಿತ್ತಳೆ ಬಣ್ಣ ತುಸು ಹೆಚ್ಚಾಯಿತೆಂದು ಮಾತ್ರ ಲೊರೇನ್‌ಗೆ ಅನಿಸಿತು, ಕ್ಯಾಮೆರಾದಲ್ಲಿ ಬೆಳಕು ತಗ್ಗಿಸಿದಳು. ಅಷ್ಟರಲ್ಲಿ ಹೊಗೆ ಎದ್ದು ಸೂರ್ಯನನ್ನು ನುಂಗಿತು. ಪರದೆಯ ಹೊಳಪು ಅಳಿಯಿತು.

ಚಿತ್ರೀಕರಣ ನಡೆಯುತ್ತಿದೆ ಎಂದು ತೋರಿಸಲು ಮೂಲೆಯಲ್ಲಿರಬೇಕಾದ ಕೆಂಪು ಚುಕ್ಕೆ ಇರಲಿಲ್ಲ.

ಮೊದಲ ಒತ್ತಿಗೆ ಕ್ಯಾಮೆರಾ ಓಡತೊಡಗಿತ್ತು. ಎರಡನೆಯದಕ್ಕೆ ನಿಂತಿತ್ತು. ಇಷ್ಟು ಹೊತ್ತು ಮನೆ ಯಾರಿಗಾಗಿಯೂ ಅಲ್ಲದೆ ಉರಿದಿತ್ತು.

ಹೆಬ್ಬೆರಳು ತಾನಾಗಿ ಒತ್ತಿತು. ಚುಕ್ಕೆ ಮೂಡಿತು. ಮರುಕ್ಷಣವೇ ಛಾವಣಿ ಕುಸಿಯಿತು.

“ಸಿಕ್ತಾ? ಎಲ್ಲಾ ಸಿಕ್ತಾ?” ಕ್ಯಾಲಮ್ ಓಡಿ ಬಂದ.

“ಛಾವಣಿ ಬಿದ್ದಿದ್ದಷ್ಟೇ. ಬೆಂಕಿ ಸಿಗಲಿಲ್ಲ. ಗುಂಡಿ ಎರಡು ಸಲ ಒತ್ತಿಬಿಟ್ಟಿದ್ದೆ.”

ಕ್ಯಾಲಮ್ ಕೆಮ್ಮಣ್ಣಿನ ಮೇಲೆ ಕುಸಿದು ಕುಳಿತ. ಆಮೇಲೆ ತಲೆಯೆತ್ತಿ ಕೇಳಿದ: “ಹಂಗಾದ್ರೆ ಮೊದಲನೇ ಸಲ ಒತ್ತಿದಾಗ ಏನ್ ಬಂದಿದೆ?”

ನೋಡಿದರು. ಬಿಸಿಲು ತುಂಬಿದ ಅಡುಗೆಮನೆ. ಒಂದು ಕೈ ಬಂದು ಬಟ್ಟಲನ್ನು ತಿರುಗಿಸಿತು, ಸುಕ್ಕನ್ನು ನೀವಿತು, ಹೋಯಿತು. ಮೇಜು, ಬಟ್ಟಲು ಮಾತ್ರ ಉಳಿದವು. ಅದರ ಬೆನ್ನಿಗೇ ಛಾವಣಿ ಬಿತ್ತು.

ಕ್ಯಾಲಮ್ ಎದ್ದು ನಿಂತ. “ಇದೇ ಕೊನೆ ಲೋರೀ. ಕೈ ಹೋಗುತ್ತೆ, ಮನೆ ಬೀಳುತ್ತೆ. ಬೆಂಕಿ ಬೇಕಾಗೇ ಇಲ್ಲ!”

ಬೆವ್ ಇಣುಕಿದಳು. “ಅಯ್ಯೋ, ಥೇಟ್ ನಿಮ್ಮಮ್ಮನ ಕೈ ಕಣೇ!”

ಅಳುವೋ ಮತ್ತೇನೋ ಬರಬಹುದೆಂದು ಲೊರೇನ್ ಕಾದಳು. ಬರಲಿಲ್ಲ.

“ಫೋಕಸ್ ತಪ್ಪಿದೆ. ಬಟ್ಟಲಿನ ಮೇಲಿರಬೇಕಿತ್ತು, ಕೈ ಮೇಲಿದೆ,” ಎಂದು ಹೇಳಿ, ಆ ದೃಶ್ಯವನ್ನು ಮತ್ತೆ ಮೊದಲಿನಿಂದ ಹಾಕಿದಳು.